ಗೋಲು ಸಣ್ಣಯ್ಯನದು, ಹೆಸರು ಸ್ವಾಮಿಯವರದು

ಬೆಳಗಿನ ಐದೂವರೆ. ನಂಜನಗೂಡಿನ ಹೊಳೆದಂಡೆಯ ಬಯಲಿನಲ್ಲಿ ಇನ್ನೂ ಮಬ್ಬುಗತ್ತಲು. ಬಯಲಿನ ತುದಿಯಲ್ಲಿ ಎರಡು ಸರ್ವೆ ಗಳ, ನಡುವೆ ಒಂದು ಮೋಟುಗೋಡೆ. ಗೋಡೆಗೆ ಬಡಿದ ಚೆಂಡು ವಾಪಸು ಬರುತ್ತದೆ. ಗಳದಾಚೆ ಹೋದದ್ದು ನೇರ ಕಪಿಲೆಗೆ. ಕಿವಿಯ ಪಕ್ಕ ನರೆತ, ಆರಡಿ ಮೀರಿದ ಒಬ್ಬರು ಎಡಗಾಲಲ್ಲಿ ಇಪ್ಪತ್ತೈದು, ಬಲಗಾಲಲ್ಲಿ ಇಪ್ಪತ್ತೈದು ಎಂದು ಎಣಿಸಿಕೊಂಡು ಒದೆಯುತ್ತಿದ್ದಾರೆ. ಐವತ್ತರಲ್ಲಿ ಒಂದೂ ಹೊಳೆ ಸೇರುವುದಿಲ್ಲ.

"ತಪ್ಪಂಗಿಲ್ಲ ಸಾ. ನಂಗೆ ಈಜು ಬರಲ್ಲ," ಎನ್ನುತ್ತಾರೆ.

ಇವರ ಹೆಸರು ಸಣ್ಣಯ್ಯ. ಈ ಆಳಿಗೆ ಈ ಹೆಸರಿಟ್ಟ ಕವಲಂದೆಯ ಅಜ್ಜಿಗೆ ಮುಂದಾಲೋಚನೆ ಸ್ವಲ್ಪ ಕಡಿಮೆಯೇ ಇದ್ದಿರಬೇಕು. ವಯಸ್ಸು ಮೂವತ್ತೆಂಟು. ಏಳಕ್ಕೆ ಶಿಫ್ಟು, ಊರಾಚೆಯ ಕಾರ್ಖಾನೆಯ ಗೋಡೌನಿನಲ್ಲಿ ದಿನಕ್ಕೆ ಇನ್ನೂರು ಮೂಟೆ ಎತ್ತಿ ಇಳಿಸುವ ಕೆಲಸ. ಭಾನುವಾರ ಮಾತ್ರ ಅವರು ಸ್ಟ್ರೈಕರ್. ಹದಿನಾರು ವರ್ಷದಲ್ಲಿ ಏಳು ತಂಡಗಳ ಅಂಗಿ ತೊಟ್ಟಿದ್ದಾರೆ. ಹುಲ್ಲಹಳ್ಳಿಯವರು ಕರೆದರೆ ಹುಲ್ಲಹಳ್ಳಿಗೆ, ತಿ. ನರಸೀಪುರದವರು ಕರೆದರೆ ಅಲ್ಲಿಗೆ. ಬಸ್ ಚಾರ್ಜು, ಮಧ್ಯಾಹ್ನಕ್ಕೊಂದು ಊಟ, ಅಷ್ಟೇ ಸಂಭಾವನೆ. ಆ ಊರುಗಳಲ್ಲಿ ಯಾರೂ ಹೆಸರು ಕೇಳಿದವರಲ್ಲ, 'ಕವಲಂದೆ ಲಂಬು' ಎಂದರೆ ಮುಗಿಯಿತು.

ಹೆಸರು ಬರೆದುಕೊಳ್ಳುತ್ತಿದ್ದುದು ಒಂದೇ ಕಡೆ, ಕಾರ್ಖಾನೆಗಳ ನಡುವಿನ ಲೀಗ್ ಪಂದ್ಯಾವಳಿಯಲ್ಲಿ. ಸಣ್ಣಯ್ಯನವರ ಕಥೆ ಎಡವಿದ್ದು ಅಲ್ಲಿಯೇ.

1990ರಲ್ಲಿ ಅವರು ಗುತ್ತಿಗೆ ಕೂಲಿಯಾಗಿ ಸೇರಿದಾಗ, ಊಟದ ಬಿಡುವಿನಲ್ಲಿ ಅವರ ಒದೆತ ನೋಡಿದ ತಂಡದ ಮೇನೇಜರು ಬಾಯಿ ಬಿಟ್ಟು ನಿಂತರಂತೆ. ಆದರೆ ಲೀಗಿನಲ್ಲಿ ಕಾಯಂ ನೌಕರರು ಮಾತ್ರ ಆಡಬೇಕು. ಮೇನೇಜರು ರಂಗೋಲಿ ಕೆಳಗೆ ನುಸುಳುವ ಪೈಕಿ. ಸ್ಟೋರಿನ ಗುಮಾಸ್ತ ಗಂಗಾಧರಸ್ವಾಮಿಯವರು ಕಾಯಂ ನೌಕರರು, ವಯಸ್ಸೂ ಹೆಚ್ಚುಕಡಿಮೆ ಸರಿಹೋಗುತ್ತಿತ್ತು. ಆಗ ಗುರುತಿನ ಚೀಟಿಗೆ ಫೋಟೊ ಇರಲಿಲ್ಲ. ಅಂದಿನಿಂದ ಮೈದಾನಕ್ಕೆ ಇಳಿದದ್ದು ಸಣ್ಣಯ್ಯ, ಪಟ್ಟಿಯಲ್ಲಿ ಇದ್ದದ್ದು ಗಂಗಾಧರಸ್ವಾಮಿ.

"ಕಾಲು ನಂದು, ಎಸ್ರು ಅವ್ರುದು. ಆಡಕ್ಕೆ ಬಿಟ್ರಲ್ಲ, ಅಷ್ಟೇ ಸಾಕು ಅಂದ್ಕಂಡಿದ್ದೆ ಸಾ. ಇಪ್ಪತ್ತೆರಡು ವರ್ಸದ ಉಡ್ಗ, ಮುಂದಿಂದು ಎಲ್ಲಿ ಗೊತ್ತಾಯ್ತದೆ?"

ಗಂಗಾಧರಸ್ವಾಮಿಯವರು ಜೀವಮಾನದಲ್ಲಿ ಚೆಂಡು ಮುಟ್ಟಿದವರಲ್ಲ. ಆದರೂ ಪತ್ರಿಕೆಯ ಮೂಲೆಯಲ್ಲಿ 'ಗಂಗಾಧರಸ್ವಾಮಿ ಎರಡು ಗೋಲು' ಎಂದು ಬಂದಾಗೆಲ್ಲ ಕತ್ತರಿಸಿ, ಹಳೆಯ ನೋಟ್‌ಬುಕ್ಕಿನಲ್ಲಿ ಅಂಟಿಸಿದರು. ಮದುವೆ ಮನೆಗಳಲ್ಲಿ ನೆಂಟರು ಬೆನ್ನು ತಟ್ಟಿದರು. "ಒಂದ್ಸಲ ಒದ್ದು ತೋರಿಸಿ" ಎಂದವರಿಗೆ ಮಂಡಿನೋವು ಎಂದು ಹೇಳಿ ಜಾರಿಕೊಂಡರು. ಹದಿನಾಲ್ಕು ವರ್ಷದಲ್ಲಿ ಅವರ ನೋಟ್‌ಬುಕ್ಕಿನ ಲೆಕ್ಕ ನೂರಾ ಹನ್ನೆರಡು ಗೋಲಿಗೆ ಮುಟ್ಟಿತು.

ಸಣ್ಣಯ್ಯನವರು ಮಾತ್ರ ಗುತ್ತಿಗೆಯಲ್ಲೇ ಉಳಿದರು. ಮೇಸ್ತ್ರಿ ಬೇಡವೆಂದ ದಿನ ಕೆಲಸವಿಲ್ಲ. 2004ರ ಕೊನೆಯಲ್ಲಿ ಕಾರ್ಖಾನೆಯವರು ಒಬ್ಬ ಆಟಗಾರನನ್ನು ಕಾಯಂ ಮಾಡುವುದಾಗಿ ನೋಟೀಸು ಹಾಕಿದರು. ವಯಸ್ಸಿನ ಮಿತಿ ಮೂವತ್ತೇಳು, ಇವರಿಗೆ ಮೂವತ್ತಾರು. ಆಡಿದ್ದಕ್ಕೆ ದಾಖಲೆ ಲಗತ್ತಿಸಬೇಕು ಎಂದಿತ್ತು. ಹೆಂಡತಿ ಇಂದ್ರಾಣಿ ಟ್ರಂಕು ಮಗುಚಿ ಹುಡುಕಿದರು.

"ಸವ್ದ ಬೂಟು ಮೂರು ಜೊತೆ ಸಿಕ್ವು. ಒಂದು ತುಂಡು ಕಾಗ್ದ ಇಲ್ಲ. ಬೂಟ್ನೇ ಪಿನ್ ಮಾಡಿ ಕೊಡಿ ಅಂದೆ," ಎಂದು ನಗುತ್ತಾರೆ ಇಂದ್ರಾಣಿ. ಆ ದಿನ ನಕ್ಕಿರಲಿಲ್ಲವಂತೆ.

ಸಣ್ಣಯ್ಯ ಬರಿಗೈಯಲ್ಲೇ ಅರ್ಜಿ ಕೊಟ್ಟರು. ಮುಂದಿನ ಜನವರಿಯಲ್ಲಿ ಕಾರ್ಖಾನೆಯ ವಾರ್ಷಿಕೋತ್ಸವ. ಹೊರಗಿನಿಂದ ಬಂದಿದ್ದ ಹೊಸ ಅಧಿಕಾರಿ ಹಳೆಯ ಕಡತ ನೋಡಿ, ಕಾರ್ಖಾನೆಯ ಹೆಮ್ಮೆಯ ಆಟಗಾರನಿಗೆ ಸನ್ಮಾನ ಎಂದು ಸಾರಿದರು. ಕರೆದದ್ದು ಗಂಗಾಧರಸ್ವಾಮಿಯವರನ್ನು. ಮೈದಾನದ ಅಂಚಿನಲ್ಲಿ ಕುರ್ಚಿ ಜೋಡಿಸುತ್ತಿದ್ದ ಸಣ್ಣಯ್ಯ ತಲೆ ಎತ್ತಲಿಲ್ಲ.

ಸ್ವಾಮಿಯವರು ವೇದಿಕೆ ಹತ್ತಿದರು. ಶಾಲು ಹೊದಿಸಲು ಬಂದ ಕೈಯನ್ನು ತಡೆದು ಮೈಕು ಹಿಡಿದರು. "ಸಾರ್, ಈ ಶಾಲು ನಂದಲ್ಲ. ಅಲ್ಲಿ ಕುರ್ಚಿ ಹಾಕ್ತಾ ಇದಾನಲ್ಲ, ಅವನದು." ಹೆಸರು ಬದಲಿಸಿ ಆಡಿಸಿದ್ದನ್ನೆಲ್ಲ ಬಿಡಿಸಿ ಹೇಳಿದರು. ತಮ್ಮ ಕೆಲಸಕ್ಕೇ ಕುತ್ತು ಎಂದು ಅವರಿಗೆ ಗೊತ್ತಿತ್ತು. ಅಧಿಕಾರಿ ಮುಖ ಗಂಟಿಕ್ಕಿ, ಇದಕ್ಕೆ ಸಾಕ್ಷಿ ಏನು ಎಂದರು.

ಸ್ವಾಮಿಯವರು ಕೆಳಗಿಳಿದು, ಹೊಟ್ಟೆ ಹೊತ್ತುಕೊಂಡು ನೇರ ಪೆನಾಲ್ಟಿ ಚುಕ್ಕಿಗೆ ನಡೆದರು. ಚೆಂಡು ಇಟ್ಟರು, ಓಡಿ ಬಂದು ಒದ್ದರು. ಚೆಂಡು ಇದ್ದಲ್ಲೇ ಕೂತಿತ್ತು, ಬಲಗಾಲಿನ ಚಪ್ಪಲಿ ಗೋಲಿನೊಳಗೆ ಹೋಯಿತು. ಸ್ವಾಮಿಯವರು ಅಂಗಾತ ಬಿದ್ದಿದ್ದರು. ಇಡೀ ಕಾರ್ಖಾನೆ ಹೊಟ್ಟೆ ಹಿಡಿದು ನಗುವಾಗ ಮಣ್ಣಿನಲ್ಲಿ ಕೂತೇ ಕೂಗಿದರು: "ನೂರಾ ಹನ್ನೆರಡು ಗೋಲು ಹೊಡೆದ ಕಾಲು ಇದೇನ್ ಸಾರ್?"

"ಎಲ್ರೂ ನಕ್ರು ಸಾ. ನಂಗೆ ಅಳು ತಡೀನಿಲ್ಲ. ಅಷ್ಟು ಮರ್ವಾದಸ್ತ್ರು, ನನ್‌ಗೋಸ್ಕರ ಅಷ್ಟು ಜನದ್ ಮುಂದೆ ಬಿದ್ರಲ್ಲ." ಕಣ್ಣೊರೆಸಿಕೊಂಡೇ ಸಣ್ಣಯ್ಯ ಅಂದು ಐದು ಒದ್ದರು. ಐದೂ ಒಳಗೆ.

ಕಾಯಂ ಆದೇಶ ಮೂರು ತಿಂಗಳಿಗೆ ಬಂತು. ಅದಕ್ಕೂ ಮೊದಲು ಇಬ್ಬರಿಗೂ ಒಂದೊಂದು ಎಚ್ಚರಿಕೆ ಪತ್ರ ಬಂತು. ಆಟದ ವಿಚಾರದಲ್ಲಿ ಸಣ್ಣಯ್ಯನವರ ಸ್ವಂತ ಹೆಸರಿಗೆ ಬಂದ ಮೊದಲ ಕಾಗದ ಅದೇ. ಇಂದ್ರಾಣಿ ಅದಕ್ಕೆ ಕಟ್ಟು ಹಾಕಿಸಿ ಗೋಡೆಗೆ ನೇತುಹಾಕಿದ್ದಾರೆ. ಲೀಗಿನವರು ಮಾತ್ರ ಹಳೆಯ ಪಟ್ಟಿ ತಿದ್ದಲು ಒಪ್ಪಲಿಲ್ಲ. ನೂರಾ ಹನ್ನೆರಡೂ ಸ್ವಾಮಿಯವರ ಹೆಸರಿನಲ್ಲೇ ಉಳಿದಿವೆ.

ಕಾಯಂ ಆದ ವರ್ಷ ಲೀಗಿನ ನೋಂದಣಿ ಮುಗಿದುಹೋಗಿತ್ತು. ಸ್ವಂತ ಹೆಸರಿನಲ್ಲಿ ಮೊದಲ ಲೀಗ್ ಪಂದ್ಯ ಕಳೆದ ತಿಂಗಳು, ತಿ. ನರಸೀಪುರದ ಮೈದಾನದಲ್ಲಿ. ಆಟಕ್ಕೆ ಮುಂಚೆ ರೆಫರಿ ಪಟ್ಟಿ ಓದಿದರು. "ಒಂಬತ್ತನೇ ನಂಬರ್, ಸಣ್ಣಯ್ಯ." ಇನ್ನೊಮ್ಮೆ ಕೂಗಿದರು. ಸಣ್ಣಯ್ಯ ಎಲ್ಲರ ಜೊತೆ ತಾವೂ ಅತ್ತಿತ್ತ ನೋಡುತ್ತಿದ್ದರು, ಯಾರಪ್ಪ ಅವನು ಎಂಬಂತೆ. ಹೊರಗೆ ಕೂತಿದ್ದ ಗಂಗಾಧರಸ್ವಾಮಿಯವರೇ ಎದ್ದು ನಿಂತು, "ಲೋ, ನೀನೇ ಕಣೋ!" ಎಂದು ಗದರಬೇಕಾಯಿತು. "ಇವ್ನಿ ಸಾ" ಎಂದು ಸಣ್ಣಯ್ಯ ಕೈ ಎತ್ತಿದರು. ಎಪ್ಪತ್ತನೇ ನಿಮಿಷದಲ್ಲಿ ಎಡಗಾಲಿನಿಂದ ಒಂದು ಗೋಲು ಹೊಡೆದರು.

ಮರುದಿನದ ಪತ್ರಿಕೆಯ ಒಂದೂವರೆ ಸಾಲನ್ನು ಸ್ವಾಮಿಯವರು ಕತ್ತರಿಸಿ, ಅದೇ ನೋಟ್‌ಬುಕ್ಕಿನ ಹೊಸ ಪುಟದಲ್ಲಿ ಅಂಟಿಸಿ, ಪುಸ್ತಕವನ್ನೇ ತಂದು ಇವರ ಕೈಗಿಟ್ಟಿದ್ದಾರೆ.

ಹೊಳೆಯ ಮೇಲೆ ಬಿಸಿಲು ಬಿದ್ದಿದೆ. ಐವತ್ತೂ ಮುಗಿಸಿದ ಸಣ್ಣಯ್ಯ ಚೆಂಡನ್ನು ಸೈಕಲ್ಲಿನ ಕ್ಯಾರಿಯರಿಗೆ ಕಟ್ಟುತ್ತಾರೆ. ಈ ವಯಸ್ಸಿನಲ್ಲಿ ದಿನಾ ಇಷ್ಟು ಯಾಕೆ ಎಂದರೆ ನಾಚಿಕೊಂಡೇ ಹೇಳುತ್ತಾರೆ:

"ಸ್ವಾಮ್ಯೋರ್ದು ನೂರಾ ಅನ್ನೆರಡು. ನಂದು ಒಂದು. ಇನ್ನೊಂದ್ನಾಕು ಒಡೀಬೇಕು ಸಾ, ಎಸ್ರು ಕೂಗುದ್ರೆ ತಿರುಗೋ ಅಷ್ಟಾದ್ರೂ ಅಭ್ಯಾಸ ಆಗ್ಬೇಕಲ್ಲ."