ಸೂಜಿಯ ತುದಿ ಸಿಗುವವರೆಗೆ

ಪಕ್ಕದ ಮಷೀನಿನ ಸೂಜಿ ಮುರಿಯಿತು. ಹಳಿಯಾಳದ ನಮ್ಮ ಗಾರ್ಮೆಂಟ್ಸಿನಲ್ಲಿ ಹೊಲಿಯುವುದು ಹೊರದೇಶಕ್ಕೆ ಹೋಗುವ ಕೂಸುಗಳ ಅಂಗಿ. ಅದರಲ್ಲಿ ಚೂರು ಉಳಿದರೆ ಆರ್ಡರೇ ಹೋಗುತ್ತದೆ. ಮುರಿದ ತುದಿ ಸಿಗುವವರೆಗೆ ಯಾರೂ ಏಳುವಂತಿಲ್ಲ. ಸೂಪರ್‌ವೈಸರ್ ಅಯಸ್ಕಾಂತ ಹಿಡಿದು ನೆಲ, ಬಟ್ಟೆ ಸವರುತ್ತ ಬಂದ. ಆ ಮಷೀನಿನ ಸಿದ್ದಿ ಹೆಣ್ಣುಮಗಳು ಮರಿಯವ್ವ ಎಡಗೈಗೆ ಸೆರಗು ಸುತ್ತಿಕೊಂಡಿದ್ದಳು. ಸೆರಗು ಕೆಂಪಾಗುತ್ತಿತ್ತು, ಅಥವಾ ಅದರ ಬಣ್ಣವೇ ಕೆಂಪಿತ್ತೋ, ನನಗೀಗ ಖಾತ್ರಿಯಿಲ್ಲ.

“ಬೆರಳಾಗ ಐತಿ ಅಕ್ಕಾ. ಹೇಳಬ್ಯಾಡ, ಗೊತ್ತಾದ್ರ ನಾಳೆ ಕಂಪನಿ ವ್ಯಾನ್ ಹತ್ತಸಂಗಿಲ್ಲ” ಎಂದಳು. ಅವಳ ಮನೆಗೆ ಬರುವ ಪಗಾರ ಅದೊಂದೇ.

ಏಳಲಾಗದೆ ಕೂತ ಸಾಲನ್ನೊಮ್ಮೆ ನೋಡಿ, ಅಯಸ್ಕಾಂತ ಹತ್ತಿರ ಬಂದಾಗ ಅವಳೇ ಕೈ ಚಾಚಿದಳು. “ಸಿಗ್ತಲ್ಲ, ಮಷೀನ್ ಚಾಲೂ ಮಾಡ್ರಿ” ಎಂದ ಸೂಪರ್‌ವೈಸರ್. ನಮ್ಮ ಸಾಲಿಗೆಲ್ಲ ಉಸಿರು ಬಂತು.

ಮರುದಿನ ಕಂಪನಿ ವ್ಯಾನು ಅವಳೂರಿನ ತಿರುವಿನಲ್ಲಿ ನಿಲ್ಲಲಿಲ್ಲ. ಈಗಲೂ ಆ ತಿರುವು ಬಂದರೆ ನನ್ನ ಬೆರಳುಗಳು ತಾವಾಗಿಯೇ ಮಡಿಚಿಕೊಳ್ಳುತ್ತವೆ.