ಗೋಮಾಳಕ್ಕೆ ಯಾವ ಗಿಡ

ಆಗ ನಾನು ಎಂ.ಎ. ಓದುತ್ತಿದ್ದೆನೋ, ಮುಗಿಸಿದ್ದೆನೋ, ಸರಿಯಾಗಿ ನೆನಪಿಲ್ಲ. ಎಂಬತ್ತರ ದಶಕ ಎಂಬುದಂತೂ ಖಚಿತ. ರಜೆಗೆ ಯಗಟಿಯ ಸೋದರತ್ತೆಯ ಮನೆಗೆ ಹೋಗಿದ್ದೆ. ಊರಿನ ಗೋಮಾಳದಲ್ಲಿ ಯಾವ ಗಿಡ ನೆಡಬೇಕೆಂದು ಕೇಳಲು ಕಡೂರಿನಿಂದ ಅರಣ್ಯ ಇಲಾಖೆಯವರು ಬಂದರು. ಮನೆಯ ಜಗುಲಿಯಲ್ಲೇ ಸಭೆ ನಡೆಸಿದ್ದು ಅತ್ತೆಯ ಗಂಡ, ನನ್ನ ಮಾವ. ಅಕ್ಷರ ದುಂಡಗಿದೆಯೆಂದು ನಡಾವಳಿ ಪುಸ್ತಕ ನನ್ನ ಕೈಗೆ ಬಂತು.

"ನೀಲಗಿರಿ ಹಾಕೋಣ. ಕುರಿ ಬಾಯಿ ಹಾಕಲ್ಲ, ಬೇಲಿನೂ ಬೇಡ," ಎಂದರು ಅಧಿಕಾರಿ. ಗಂಡಸರು ತಲೆಯಾಡಿಸಿದರು.

ದಿನವೂ ಅಲ್ಲೇ ಕುರಿ ಮೇಯಿಸಿ ಸೌದೆ ತರುತ್ತಿದ್ದ ಅತ್ತೆ ಬಾಗಿಲಲ್ಲಿ ನಿಂತು, "ಕುರಿ ಮೇಯೋ ಜಾಗಕ್ಕೆ ಕುರಿ ತಿನ್ನದ ಗಿಡ ಯಾಕ್ ಸ್ವಾಮಿ? ಜಾಲಿ ಹಾಕಿ. ಕಾಯಿ ಕುರಿಗಾಯ್ತದೆ, ಕಡ್ಡಿ ನನ್ನ ಒಲೆಗಾಯ್ತದೆ," ಎಂದಳು.

"ನಿನ್ ಒಲೆ ಮಾತು ಮನೇಲಾಡೇ," ಎಂದರು ಮಾವ. ಎಲ್ಲರೂ ನಕ್ಕರು. ನಾನೂ ನಕ್ಕಿರಬೇಕು.

ನೀಲಗಿರಿ ಬಂತು. ಅತ್ತೆ ಕುರಿ ಹೊಡೆದುಕೊಂಡು ಎರಡು ಮೈಲಿ ಆಚೆ ಹೋಗತೊಡಗಿದಳು. ಕೆಲವು ವರ್ಷಗಳ ನಂತರ ಆ ಪುಸ್ತಕ ಮತ್ತೆ ಕಣ್ಣಿಗೆ ಬಿತ್ತು. "ಸರ್ವಾನುಮತದಿಂದ ನೀಲಗಿರಿ" ಎಂದು ನನ್ನದೇ ಅಕ್ಷರದಲ್ಲಿತ್ತು. ಅತ್ತೆಯ ಮಾತು ಎಲ್ಲೂ ಇರಲಿಲ್ಲ.

ಎಲೆಗೆ ಸುಣ್ಣ ಹಚ್ಚುತ್ತಿದ್ದ ಮಾವನನ್ನು ಅಂದೇ ಕೇಳಿದೆ: "ಮಾವ, ಅತ್ತೆ ಹೇಳಿದ್ದು ಬರೀಬೇಡ ಅಂತ ನೀವಂದ್ರಾ, ಇಲ್ಲ ನಾನೇ ಬಿಟ್ಬಿಟ್ನಾ?"