ನಮ್ಮ ಯಜಮಾನರ ಹಗೂರಿ ಕಣ

ನಮ್ಮ ಯಜಮಾನರು ಸಿದ್ದಲಿಂಗಪ್ಪ ಜಗತ್ತಿನಲ್ಲಿ ಯಾರೂ ಕಾಣದ ಒಂದು ಕಣವನ್ನು ಕಂಡುಹಿಡಿದಿದ್ದಾರೆ. ಯಾರೂ ಕಂಡಿಲ್ಲ, ಏಕೆಂದರೆ ಅದು ಇಲ್ಲವೇ ಇಲ್ಲ. ಈ ಮಾತನ್ನು ನಾನು ಮೊದಲೇ ಹೇಳಿಬಿಟ್ಟಿದ್ದರೆ ಹೋದ ತಿಂಗಳಿನ ರಾದ್ಧಾಂತ ತಪ್ಪುತ್ತಿತ್ತು. ಆದರೆ ಹೇಳುವುದು ಹೇಗೆ? ನಾನೇ ಅಡುಗೆಮನೆ ಬಾಗಿಲಲ್ಲಿ ನಿಂತು ಆ ಕಥೆ ಕೇಳುತ್ತಿದ್ದವಳು.

ಗದಗಿನಿಂದ ಬಂದು ಎಣ್ಣೆ ಕಂಪನಿ ಸೇರಿದ ಇವರು ಮೂವತ್ತೊಂದು ವರ್ಷ ಗುಜರಾತಿನ ಹೊಲಗಳಲ್ಲಿ ಭೂಮಿಯ ಸೆಳೆತ ಅಳೆಯುತ್ತ ತಿರುಗಿದರು. ಹಾಲಿನ ಕ್ಯಾನಿನಷ್ಟಿರುವ ಒಂದು ಯಂತ್ರ, ಒಳಗೊಂದು ಸ್ಪ್ರಿಂಗು, ಅದರ ತುದಿಗೆ ಪುಟ್ಟ ತೂಕ. ನೆಲದಡಿಯ ಬಂಡೆ ಭಾರವಿದ್ದ ಕಡೆ ಸ್ಪ್ರಿಂಗು ಕೂದಲೆಳೆಯಷ್ಟು ಹೆಚ್ಚು ಜಗ್ಗುತ್ತದೆ, ಹಗುರವಿದ್ದ ಕಡೆ ಕಡಿಮೆ. ಅದನ್ನು ಜೀಪಿನಲ್ಲಿ ತೊಡೆಯ ಮೇಲಿಟ್ಟುಕೊಂಡು ಹೊಲದಲ್ಲಿ ನೆಟ್ಟ ಗುರುತಿನ ಗೂಟದಿಂದ ಗೂಟಕ್ಕೆ ಹೋಗಿ, ಒಂದು ಕಣ್ಣು ಮುಚ್ಚಿ ಅಂಕಿ ಓದಿ ಬರೆಯಬೇಕು. ಮುಂಜಾನೆ ಓದಿದ ಮೊದಲ ಗೂಟಕ್ಕೇ ಸಂಜೆ ಮರಳಿ ಬಂದು ಇನ್ನೊಮ್ಮೆ ಓದಬೇಕು, ಏಕೆಂದರೆ ಹೊತ್ತು ಕಳೆದಂತೆ ಸ್ಪ್ರಿಂಗೂ ದಣಿದು ಸಡಿಲಾಗುತ್ತದಂತೆ. ಇವರ ರೀಡಿಂಗು ಒಮ್ಮೆಯೂ ತಪ್ಪಿಲ್ಲ ಎಂಬುದು ಚಾಂದ್‌ಖೇಡಾದ ಕಂಪನಿ ಕ್ವಾರ್ಟರ್ಸಿನಲ್ಲೆಲ್ಲ ಪ್ರಸಿದ್ಧ. ಪ್ರಸಿದ್ಧ ಮಾಡಿದವರು ಇವರೇ.

ಇಲ್ಲೇ ಗುಜರಾತಿನಲ್ಲಿ ನಮ್ಮ ಜೊತೆ ಬೆಳೆದ ಮಗನ ಮಗಳು ಮೇದಿನಿಗೆ ಹತ್ತು ವರ್ಷ. ಅವಳದು ಗುಜರಾತಿಯಲ್ಲಿ ಜಗಳ, ಹಿಂದಿಯಲ್ಲಿ ಆಟ, ಇಂಗ್ಲಿಷಿನಲ್ಲಿ ಪಾಠ. ಕನ್ನಡ ಅಜ್ಜನ ಹತ್ತಿರ ಮಾತ್ರ, ಅದೂ, ಹಾದಲ್ಲೆಲ್ಲ ಭಾರ ಕದ್ದು ಹಗುರ ಮಾಡುವ ಹಗೂರಿ ಕಣದ ಕಥೆಯ ಆಸೆಗೆ. ಮೆಹಸಾಣಾ ಹತ್ತಿರ ಹರಳು ಗಿಡದ ಹೊಲದಲ್ಲಿ ಒಂದು ಸಂಜೆ ಅಜ್ಜನ ಯಂತ್ರದ ಅಂಕಿ ದಿಢೀರನೆ ಇಳಿಯಿತು. ನೆಲದಡಿ ಹಗೂರಿ ಕಣ ಹಾದುಹೋಗಿತ್ತು! ಅದು ಹಾದಲ್ಲಿ ಎಮ್ಮೆಗಳು ನೆಲ ಬಿಟ್ಟು ಮೇಲೇಳುತ್ತವೆ, ಗಡಿಯಾರದ ಮುಳ್ಳು ತೂಕಡಿಸುತ್ತದೆ. ಅಜ್ಜ ಅಲ್ಲಿ ಒಂದು ಲೋಟ ಚಹಾ ಕುಡಿದು ಮುಗಿಸುವಷ್ಟರಲ್ಲಿ ಊರಿನಲ್ಲಿ ಎರಡು ಮಳೆಗಾಲ ಕಳೆದಿದ್ದವು. ಕಥೆ ದಿನಾ ಬೆಳೆಯಿತು, ಅದರ ಜೊತೆಗೆ ಅವಳ ಕನ್ನಡವೂ ಬೆಳೆಯಿತು. ನನಗೆ ಅಷ್ಟೇ ಸಾಕಾಗಿತ್ತು.

ಅವಳು ಅದನ್ನು ಶಾಲೆಯ ವಿಜ್ಞಾನ ಪ್ರದರ್ಶನಕ್ಕೆ ಒಯ್ಯುತ್ತಾಳೆಂದು ಯಾರಿಗೆ ಗೊತ್ತಿತ್ತು? ದೊಡ್ಡ ಚಾರ್ಟಿನ ಮೇಲೆ ಅಜ್ಜನ ಚಿತ್ರ, ಗಾಳಿಯಲ್ಲಿ ಎಮ್ಮೆ, ಕೆಳಗೆ 'ನನ್ನ ಅಜ್ಜ ಕಂಡುಹಿಡಿದ ಕಣ' ಎಂದು ಇಂಗ್ಲಿಷಿನಲ್ಲಿ. ಅವಳ ತರಗತಿಯ ಆಕಾಶ್ ಎಂಬವನು ಶಾಲೆಯ ಕಂಪ್ಯೂಟರಿನಲ್ಲಿ ಹುಡುಕಿ, ಇಂಥ ಕಣ ಎಲ್ಲಿಯೂ ಇಲ್ಲವೆಂದು ಸಾರಿದ. ಇಡೀ ತರಗತಿ ಹೊಟ್ಟೆ ಹಿಡಿದುಕೊಂಡು ನಕ್ಕಿತು.

ಮನೆಗೆ ಬಂದವಳೇ "ದಾದಾಜಿ, ಆಪ್ ನೇ ಝೂಠ್ ಬೋಲಾ" ಎಂದು ಹಿಂದಿಯಲ್ಲಿ ಸುಳ್ಳುಗಾರನ ಪಟ್ಟ ಕಟ್ಟಿದಳು. ಅಜ್ಜ ಹೋಗಿ ದಾದಾಜಿ ಆದರು. ಅಂದಿನಿಂದ ಅವರ ಹತ್ತಿರ ಕನ್ನಡ ಬಂದ್. ಏನು ಕೇಳಿದರೂ ಹಿಂದಿಯಲ್ಲಿ ಎರಡು ಪದ, ಆಮೇಲೆ ಬಾಗಿಲು ಧಡ್. ಒಂಬತ್ತು ದಿನ ಹೀಗೆಯೇ ನಡೆಯಿತು. ಇವರೋ ಬಾಲ್ಕನಿಯಲ್ಲಿ ಕುಳಿತು ಒಂದೇ ಪತ್ರಿಕೆಯನ್ನು ಬೆಳಗಿನಿಂದ ಸಂಜೆವರೆಗೆ ಓದುತ್ತಿದ್ದರು.

ನನಗೆ ಪಿತ್ತ ನೆತ್ತಿಗೇರಿತು. "ಕೂಸಿನ ಮುಂದ ಖರೇ ಹೇಳ್ರೀ. ಆ ಅಂಕಿ ಯಾಕ ಇಳೀತು?" ಎಂದೆ.

ಹತ್ತನೆಯ ದಿನ ಸಂಜೆ ಇವರು ಅವಳ ಎದುರು ಕುಳಿತರು.

"ಕಣಾ ಗಿಣಾ ಏನೂ ಇಲ್ಲವ್ವಾ. ಮುಂಜಾನಿ ಮೂರು ಇದ್ದದ್ದನ್ನ ನಾ ಎಂಟು ಅಂತ ಬರದಿದ್ದೆ. ಸಂಜಿಕ ಬಂದು ನೋಡಿದ್ರ ಮೂರೇ ಐತಿ. ಇಡೀ ದಿನದ ಕೆಲಸ ಹಾಳಾತು. ಜೀಪು ಕುಣಿಸಿ ಯಂತ್ರ ಕೆಡಿಸಿದಿ ಅಂತ ಸಾಹೇಬ್ರು ನಮ್ಮ ಡ್ರೈವರ್ ವೆಂಕಟಾಚಲನ್ನ ಎಲ್ಲಾರ ಮುಂದ ಬೈದ್ರು. ನಾ ಬಾಯಿ ಬಿಡಲಿಲ್ಲ."

ನಾನು ಕೈಯಲ್ಲಿ ಸೌಟು ಹಿಡಿದವಳು ಹಾಗೆಯೇ ನಿಂತೆ. ಮದುವೆಯಾಗಿ ಮೂವತ್ತೆಂಟು ವರ್ಷವಾದರೂ ಈ ಮಾತು ನನ್ನ ಕಿವಿಗೆ ಬಿದ್ದಿರಲಿಲ್ಲ. ಸಿಟ್ಟು ಬರಬೇಕಿತ್ತು. ಬಂದದ್ದು ಸಂಕಟ.

"ಡ್ರೈವರ್ ಕೋ ಸಾರಿ ಬೋಲಾ?" ಎಂದಳು ಮೇದಿನಿ.

ಇವರು ಇಲ್ಲವೆಂದು ತಲೆಯಾಡಿಸಿದರು. ಅವಳು ಎದ್ದು ಹೋಗಿ ಅಜ್ಜನ ಮೊಬೈಲು ತಂದು ಮುಂದೆ ಹಿಡಿದಳು.

ಕೋಲಾರದ ಕಡೆಯ ವೆಂಕಟಾಚಲ ಈಗ ಇಲ್ಲೇ ಊರಿನ ಆಚೆ ತುದಿಯ ಮಣಿನಗರದಲ್ಲಿ ಮಗಳ ಮನೆಯಲ್ಲಿದ್ದಾರೆ. ದೀಪಾವಳಿಗೊಂದು ಶುಭಾಶಯ ಬಿಟ್ಟರೆ ಇವರಿಬ್ಬರಿಗೆ ಮಾತಿಲ್ಲ. ಇವರು ನಂಬರು ಒತ್ತಿ, ಸ್ಪೀಕರ್ ಹಾಕಿ, ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದರು.

"ಯಾವ್ ಬೈಗುಳ ಸಾರ್?" ಎಂದರು ವೆಂಕಟಾಚಲ.

"ಅದೋ ಮಾರಾಯಾ, ಹರಳು ಹೊಲದ ಹತ್ರ..."

"ಸಾರ್, ಆ ಯಪ್ಪ ನನ್ನ ದಿನಾ ಬೈತಿದ್ರು. ಪಂಚರಾದ್ರೆ ಬೈಗುಳ, ಮಳೆ ಬಂದ್ರೆ ಬೈಗುಳ. ಅದ್ರಾಗೆ ನಿಮ್ದು ಯಾವ್ದು ಅಂತ ಹುಡುಕ್ಲಿ?"

"ಸ್ವಲ್ಪ ನೆನಪ ಮಾಡ್ಕೋಪಾ. ಆ ತಪ್ಪು ನಂದು."

ಆ ಕಡೆ ಕುಕ್ಕರು ಕೂಗಿತು. ವೆಂಕಟಾಚಲ ಮೆಲ್ಲಗೆ ಹೇಳಿದರು. "ಆಯ್ತು ಸಾರ್, ನೆನಪಾಯ್ತು ಅಂತ್ಲೇ ಇಟ್ಕೊಳಿ. ನಂಗೇನೂ ಬೇಜಾರಿಲ್ಲ. ಊಟ ಆಯ್ತಾ?"

ಇವರು ಅಳುತ್ತಲೇ ನಗತೊಡಗಿದರು. ನಾನೂ ನಕ್ಕೆ. ಮೇದಿನಿ ಮಾತ್ರ ನಗಲಿಲ್ಲ. ಸರಿದು ಬಂದು ಅವರ ಪಕ್ಕ ಕುಳಿತು, ಅವರ ಅಂಗಿಯ ತೋಳು ಹಿಡಿದಳು.

"ಅಜ್ಜಾ, ನಾಳೆ ನಮ್ಮ ಕ್ಲಾಸಿಗೆ ಬರ್ತೀಯಾ? ಆಕಾಶ್‌ಗ ಹೇಳಬೇಕು."

"ಏನಂತ ಹೇಳ್ತೀ ನಮ್ಮವ್ವಾ?"

ಅವಳು ಕನ್ನಡದ ಪದ ಹುಡುಕುತ್ತ ಸ್ವಲ್ಪ ತಡೆದಳು.

"ಕಣ ಸುಳ್ಳು. ಅಜ್ಜ ಖರೇ ಅಂತ."